ದೀಪಸ್ತಂಭದ ಹಾಡು ಯಾವ ಶ್ರುತಿಯಲ್ಲಿತ್ತು

ಪುರಾಣಪ್ಪ ಎಂಬುದು ಹೆತ್ತವರು ಇಟ್ಟ ಹೆಸರಲ್ಲ. ಹಗಲು ಕನ್ನಡಕದ ಅಂಗಡಿಯಲ್ಲಿ ಗಾಜು ಉಜ್ಜಿ ಫ್ರೇಮಿಗೆ ಕೂರಿಸುವ, ಸಂಜೆ ಅದೇ ಅಂಗಡಿಯ ಮೇಲಿನ ಕೋಣೆಯಲ್ಲಿ ಗಿಟಾರ್ ಪಾಠ ಹೇಳುವ ಈ ಮನುಷ್ಯನಿಗೆ ಶಿಷ್ಯರೇ ಸೇರಿ ಕೊಟ್ಟ ಬಿರುದು ಅದು. ಹಳೆಯ ರಾಕ್ ಬ್ಯಾಂಡುಗಳ ಹಾಡು ಕಲಿಯಬೇಕೆಂದು ಯಾರೇ ಬರಲಿ, ಗಿಟಾರು ಚೀಲದಿಂದ ಹೊರಬರುವ ಮೊದಲೇ ಇವನ ಬಾಯಿಂದ ಹಾಡಿನ ಹಿಂದಿನ ಕತೆ ಹೊರಬರುತ್ತಿತ್ತು. ಈ ಹಾಡು ಕಟ್ಟುವಾಗ ಬ್ಯಾಂಡಿನವರು ಒಬ್ಬರಿಗೊಬ್ಬರು ಮಾತು ಬಿಟ್ಟಿದ್ದರು, ಇದನ್ನು ಬಸ್ಸಿನ ಹಿಂದಿನ ಸೀಟಿನಲ್ಲಿ ಕೂತು ಬರೆದರು, ಇದರಲ್ಲಿ ಡ್ರಮ್ಮಿನವ ಒಂದು ಏಟು ತಪ್ಪಿದ್ದಾನೆ, ಆ ತಪ್ಪೇ ಚೆನ್ನಾಗಿದೆಯೆಂದು ಹಾಗೇ ಬಿಟ್ಟರು. ಕತೆ ಗೊತ್ತಿಲ್ಲದೆ ನುಡಿಸಿದರೆ ಬೆರಳು ಓಡುತ್ತದೆ, ಹಾಡು ಮಾತ್ರ ಕೂತಲ್ಲೇ ಕೂತಿರುತ್ತದೆ ಎಂಬುದು ಅವನ ಸಿದ್ಧಾಂತ. ಕಲಿಯಲು ಬಂದವರು, ಬೆರಳು ಓಡಿದರೆ ಸಾಕಪ್ಪ ಎಂದುಕೊಳ್ಳುತ್ತ ಆಕಳಿಕೆ ಅದುಮಿಕೊಂಡು ಕೇಳುತ್ತಿದ್ದರು.

ಕತೆಗಳಷ್ಟೇ ಅವನಿಗೆ ತನ್ನ ಕಿವಿಯ ಮೇಲೂ ಜಂಬ. ಬೀದಿಯಲ್ಲಿ ಯಾರೋ ಹಾರ್ನ್ ಹೊಡೆದರೆ ಅದು ಯಾವ ಸ್ವರವೆಂದು ಹೇಳಿಬಿಡುತ್ತಿದ್ದ. ಹೇಳಿದ್ದು ಸರಿಯೋ ತಪ್ಪೋ ನೋಡುವ ಗೋಜಿಗೆ ಯಾರೂ ಹೋಗುತ್ತಿರಲಿಲ್ಲವಾದ್ದರಿಂದ ಅವನ ಕಿವಿಯ ಮರ್ಯಾದೆ ವರ್ಷದಿಂದ ವರ್ಷಕ್ಕೆ ಬೆಳೆಯುತ್ತಲೇ ಬಂದಿತ್ತು.

ಆಸ್ಪತ್ರೆಯ ಕೆಲಸದಿಂದ ನಿವೃತ್ತಳಾದ ನರ್ಸಮ್ಮ ಅವನ ಬಳಿ ಕಲಿಯಲು ಬಂದಾಗ, ಬೇಕಾದ ಹಾಡು ಯಾವುದೆಂದು ಮೊದಲೇ ತೀರ್ಮಾನಿಸಿಕೊಂಡು ಬಂದಿದ್ದಳು. ದೀಪಸ್ತಂಭದ ಹಾಡು. ಅದನ್ನು ಹಾಡಿದ ಬ್ಯಾಂಡಿನಲ್ಲಿ ಗಿಟಾರು, ಡ್ರಮ್ಮು ಎಲ್ಲ ಗಂಡಸರದು, ಮುಂದೆ ನಿಂತು ಹಾಡುವವಳು ಒಬ್ಬಳೇ ಹೆಂಗಸು. ಮೂರನೆಯ ಸಾಲಿನಲ್ಲಿ ಅವಳ ದನಿ ಮೆಲ್ಲಗೆ ಮೇಲೇರಿ, ತುದಿಯಲ್ಲಿ ನಿಂತು, ಸುತ್ತ ಒಮ್ಮೆ ನೋಡಿ ಇಳಿದು ಬಂದಂತೆ ಕೇಳುತ್ತದೆ. ಆ ಏರು ಇರುವುದಕ್ಕೇ ಆ ಹಾಡಿಗೆ ಅಷ್ಟು ಹೆಸರು.

ಪುರಾಣಪ್ಪನ ಮುಖ ಸಣ್ಣದಾಯಿತು. ಅದು ಕಷ್ಟದ ಹಾಡು, ಆಮೇಲೆ ನೋಡೋಣ ಎಂದ. ನರ್ಸಮ್ಮ ಜೀವಮಾನವಿಡೀ ಸೂಜಿ ಬೇಡವೆಂದವರಿಗೆ ಸೂಜಿ ಚುಚ್ಚಿ ಬಂದವಳು. ಆಮೇಲೆ ಎಂದರೆ ಯಾವಾಗ ಎಂದು ಕೇಳಿದಳು. ತನಗೆ ಬೇರೆ ಯಾವ ಹಾಡೂ ಬೇಡ, ಇದೊಂದನ್ನು ನುಡಿಸಲು ಬಂದರೆ ಗಿಟಾರನ್ನು ಮೊಮ್ಮಗನಿಗೆ ಕೊಟ್ಟು ಸುಮ್ಮನಾಗುತ್ತೇನೆ ಎಂದಳು. ಬೇರೆ ದಾರಿ ಕಾಣದೆ ಅವನು ಕತೆ ಶುರುಮಾಡಿದ. ಆ ಹಾಡುಗಾರ್ತಿಗೆ ಮೊದಮೊದಲು ಆ ಏರು ದಕ್ಕುತ್ತಲೇ ಇರಲಿಲ್ಲವಂತೆ. ದಿನವೂ ಸಮುದ್ರದ ಬಳಿ ಹೋಗಿ ದೀಪಸ್ತಂಭದ ಮೆಟ್ಟಿಲು ಹತ್ತುತ್ತ ಹಾಡಿ, ಕೊನೆಗೊಂದು ದಿನ ತುದಿ ಮುಟ್ಟಿದಾಗ ದನಿಯೂ ತುದಿ ಮುಟ್ಟಿತಂತೆ. ಬ್ಯಾಂಡಿನವರು ಒಂದು ಕೂದಲೆಳೆಯಷ್ಟೂ ಶ್ರುತಿ ಇಳಿಸಲಿಲ್ಲವಂತೆ. ಈ ಕತೆಯನ್ನು ಅವನು ಕಾಲೇಜಿನ ಕಾಲದಿಂದ ಹೇಳುತ್ತ ಬಂದಿದ್ದ. ರೇಡಿಯೊದಲ್ಲಿ ಯಾರೋ ಹೇಳಿದ ಒಂದು ಮಾತಿಗೆ ಕೈಕಾಲು ಬಂದು, ಈಗ ಅದು ಮೀಸೆ ಬಂದ ಕತೆಯಾಗಿತ್ತು.

ಕತೆ ಮುಗಿಸಿ ಗಿಟಾರಿನ ಬಿರಡೆಗಳನ್ನು ತಿರುಗಿಸಿ ತಂತಿಗಳನ್ನು ಬಿಗಿದ. ಗಿಟಾರಿನ ಕತ್ತಿನ ಮೇಲಿರುವ ಕಟ್ಟುಗಳ ನಡುವಿನ ಒಂದೊಂದು ಜಾಗಕ್ಕೂ ಅವನು ಮನೆ ಎನ್ನುತ್ತಿದ್ದ. ಈ ಹಾಡಿಗೆ ಎಂದಿಗಿಂತ ಎರಡು ಮನೆ ಮೇಲಕ್ಕೆ ಶ್ರುತಿ ಮಾಡಿಕೊಳ್ಳಬೇಕು, ಅಲ್ಲೇ ಇರುವುದು ಇದರ ಗುಟ್ಟು ಎಂದ. ತಂತಿ ಕಿರುಗುಟ್ಟಿತು. ಹರಿಯುತ್ತದೇನೋ ಎಂದು ನರ್ಸಮ್ಮ ಮುಖ ಹಿಂದಕ್ಕೆ ಎಳೆದುಕೊಂಡಳು. ಅವನು ನುಡಿಸಿ ತೋರಿಸಿದ. ನರ್ಸಮ್ಮ ಕೇಳಿ, ತನ್ನ ಫೋನು ತೆಗೆದು ಅದೇ ಹಾಡನ್ನು ಹಾಕಿದಳು. ಎರಡಕ್ಕೂ ಅಜಗಜಾಂತರ. ಫೋನಿನಲ್ಲಿದ್ದ ಹಾಡು ನಿಧಾನವಾಗಿ, ಬಹಳ ಕೆಳಗೆ, ಯಾರೋ ಪಕ್ಕದಲ್ಲಿ ಕೂತು ಹೇಳಿದಂತೆ ಇತ್ತು.

ಪುರಾಣಪ್ಪನಿಗೆ ಇದು ಹೊಸದಲ್ಲ. ಅಂಗಡಿಯಲ್ಲಿ, ಬಸ್ಸಿನಲ್ಲಿ ಈ ಹಾಡು ಹೀಗೆ ಕೆಳಗಿನ ಶ್ರುತಿಯಲ್ಲಿ ಕೇಳಿದಾಗಲೆಲ್ಲ ಅವನ ಬಳಿ ಉತ್ತರ ಸಿದ್ಧವಿರುತ್ತಿತ್ತು. ಹಳೆಯ ಬ್ಯಾಂಡಿನವರಿಗೆ ವಯಸ್ಸಾದ ಮೇಲೆ ಗಂಟಲು ಏರುವುದಿಲ್ಲ, ಆಗ ಹಾಡನ್ನು ಇಳಿಸಿ ಮತ್ತೆ ಮುದ್ರಿಸುತ್ತಾರೆ. ಇದು ನಿಜವೂ ಹೌದು, ಎಷ್ಟೋ ಬ್ಯಾಂಡುಗಳು ಹಾಗೆ ಮಾಡಿವೆ. ಆದ್ದರಿಂದ ಅವನು ಈಗಲೂ ಅದನ್ನೇ ಹೇಳಿದ. ಇದು ಮುದುಕಿಯಾದ ಮೇಲೆ ಹಾಡಿದ್ದು, ಅಸಲಿ ಹಾಡು ನನ್ನ ಹತ್ತಿರ ಇದೆ, ಕ್ಯಾಸೆಟ್ಟಿನಲ್ಲಿದೆ ಎಂದ.

ಮುಂದಿನ ವಾರ ನರ್ಸಮ್ಮ ಬಂದವಳು ಕುರ್ಚಿಯಲ್ಲಿ ಕೂರುವ ಮೊದಲೇ ಫೋನನ್ನು ಅವನ ಮುಂದೆ ಹಿಡಿದಳು. ಬ್ಯಾಂಡಿನವರೇ ಯಾವುದೋ ಸಂದರ್ಶನದಲ್ಲಿ ಹೇಳಿಕೊಂಡಿದ್ದ ಮಾತು. ಅವಳೇ ಓದಿ ಹೇಳಿದಳು. ಹಾಡು ಮುದ್ರಿಸುವ ವಾರ ಹಾಡುಗಾರ್ತಿಗೆ ಗಂಟಲು ಬಾತಿತ್ತು. ಏರಿನಲ್ಲಿ ದನಿ ಒಡೆಯಿತು. ಅವಳು ಅತ್ತುಬಿಟ್ಟಳು, ಬೇರೆ ಯಾರನ್ನಾದರೂ ಕರೆಸಿ ಎಂದಳು. ಬ್ಯಾಂಡಿನವರು ಏನೂ ಮಾತಾಡದೆ ತಮ್ಮ ತಮ್ಮ ಗಿಟಾರಿನ ತಂತಿಗಳನ್ನು ಒಂದು ಮನೆ ಕೆಳಕ್ಕೆ ಇಳಿಸಿಕೊಂಡು ಕೂತರು. ಹಾಡು ಅಲ್ಲೇ ಚೆನ್ನಾಗಿ ಕೂತಿತು, ಮೊದಲಿಂದಲೂ ಅಲ್ಲೇ ಇದೆ, ಇನ್ನೊಂದು ಸಲ ಮುದ್ರಿಸಿದ್ದೇ ಇಲ್ಲ.

"ನೀವು ಹೇಳಿದ ಕತೇನೂ ಚೆನ್ನಾಗಿತ್ತು ಮೇಷ್ಟ್ರೇ," ಎಂದು ನರ್ಸಮ್ಮ ಸೇರಿಸಿದಳು. ಅವಳಿಗೆ ಮನಸ್ಸು ನೋಯಿಸುವ ಉದ್ದೇಶವಿರಲಿಲ್ಲ.

ಅವನಿಗೆ ಆ ದಿನ ಪಾಠ ಹೇಳಲಾಗಲಿಲ್ಲ. ತಲೆನೋವೆಂದು ಅವಳನ್ನು ಕಳಿಸಿ, ಒಬ್ಬನೇ ಕೂತ. ಅವನ ಕಣ್ಣ ಮುಂದೆ ಬಂದದ್ದು ಹಾಡುಗಾರ್ತಿಯಲ್ಲ, ತಂಗಿ.

ಅವನು ಕಾಲೇಜಿನಲ್ಲಿದ್ದಾಗ ಗೆಳೆಯರೊಂದಿಗೆ ಸೇರಿ ಒಂದು ಬ್ಯಾಂಡು ಕಟ್ಟಿದ್ದ. ಡ್ರಮ್ಮಿನವನ ಅಪ್ಪನ ಟೈರ್ ಅಂಗಡಿಯ ಹಿಂದೆ ತಗಡಿನ ಚಾವಣಿಯ ಗೋದಾಮಿನಲ್ಲಿ ಅಭ್ಯಾಸ. ಹಾಡುವವಳು ತಂಗಿ. ಅವಳ ದನಿ ಕೆಳಗಿನದು, ತುಂಬಿದ್ದು. ಮನೆಯಲ್ಲಿ ಬಟ್ಟೆ ಒಣಹಾಕುವಾಗಲೂ, ಕಸ ಗುಡಿಸುವಾಗಲೂ ಹಾಡುತ್ತಿದ್ದಳು. ಅವಳ ಬಾಯಿ ಮುಚ್ಚಿಸಲು ಊಟಕ್ಕೆ ಬಡಿಸಬೇಕು ಎಂದು ಅಮ್ಮ ರೇಗಿಸುತ್ತಿದ್ದಳು. ಕಾಲೇಜಿನ ವಾರ್ಷಿಕೋತ್ಸವಕ್ಕೆ ದೀಪಸ್ತಂಭದ ಹಾಡನ್ನೇ ಹಾಡಬೇಕೆಂದು ಅಣ್ಣ ಹಟ ಹಿಡಿದ. ಆ ಹಾಡಿನ ರೆಕಾರ್ಡು ಯಾರ ಹತ್ತಿರವೂ ಇರಲಿಲ್ಲ. ರೇಡಿಯೊದಲ್ಲಿ ಬರುತ್ತದೆಂದು ತಿಳಿದು, ಟೇಪ್‌ರೆಕಾರ್ಡರನ್ನು ರೇಡಿಯೊದ ಮುಂದಿಟ್ಟು ಕಾದು ಕೂತರು. ಕೋಣೆಯಲ್ಲಿ ಇದ್ದದ್ದು ಒಂದೇ ಪ್ಲಗ್ಗು. ಅದು ರೇಡಿಯೊಗೆ ಹೋಯಿತು. ಟೇಪ್‌ರೆಕಾರ್ಡರು ಸೆಲ್ಲಿನ ಮೇಲೆ ಓಡಬೇಕಾಯಿತು. ಸೆಲ್ ಮುಗಿಯುತ್ತ ಬಂದಿದೆ ಅಣ್ಣ, ಬೇರೆ ಹಾಕು ಎಂದು ತಂಗಿ ಹೇಳಿದ್ದಳು. ಅವನು ಬಾಯಿಯ ಮೇಲೆ ಬೆರಳಿಟ್ಟು ಅವಳನ್ನು ಸುಮ್ಮನಾಗಿಸಿದ್ದ. ಹಾಡಿನ ನಡುವೆ ಒಳಗಿನಿಂದ ಅಮ್ಮ ಊಟಕ್ಕೆ ಕರೆದಿದ್ದಳು. ಅದೂ ಟೇಪಿನಲ್ಲಿ ಸೇರಿಕೊಂಡಿತು.

ಆಮೇಲೆ ಟೇಪ್‌ರೆಕಾರ್ಡರನ್ನು ಪ್ಲಗ್ಗಿಗೆ ಹಾಕಿ ಹಾಡು ಕೇಳಿದಾಗ ಅಮ್ಮನ ದನಿ ಪುಟ್ಟ ಹುಡುಗಿಯದರಂತೆ ಕೀಚಲಾಗಿ ಬಂದಿತ್ತು. ಮನೆಮಂದಿಯೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕಿದ್ದರು. ಅಮ್ಮನ ದನಿ ಹಾಗಾಗಿದ್ದರೆ ಹಾಡಿನ ದನಿ ಏನಾಗಿರಬೇಕೆಂದು ಯೋಚಿಸುವಷ್ಟು ಬುದ್ಧಿ ಆ ದೊಡ್ಡ ಕಿವಿಯ ಯಜಮಾನನಿಗೆ ಹೊಳೆಯಲಿಲ್ಲ. ಅವನು ಟೇಪಿಗೆ ಸರಿಯಾಗಿ ಗಿಟಾರನ್ನು ಬಿಗಿದ. ತಂತಿಗಳು ಪದೇಪದೇ ಹರಿದವು. ತಂತಿ ಮಾಡಿದ ಕಂಪನಿಯವರನ್ನು ಬೈದ.

ತಂಗಿಗೆ ಆ ಏರು ದಕ್ಕಲಿಲ್ಲ. ದಿನವೂ ಅದೇ ಜಾಗದಲ್ಲಿ ದನಿ ಒಡೆಯುತ್ತಿತ್ತು. ಒಂದು ಸಲ ಅವಳು, ರೇಡಿಯೊದಲ್ಲಿ ಇಷ್ಟು ಮೇಲಿರಲಿಲ್ಲ ಅನಿಸುತ್ತದೆ ಅಣ್ಣ ಎಂದಳು. ಟೇಪು ಸುಳ್ಳು ಹೇಳುತ್ತದೆಯೇ ಎಂದು ಅವನು ಕೇಳಿದ. ಮೆಟ್ಟಿಲು ಹತ್ತಿದ ಹಾಡುಗಾರ್ತಿಯ ಕತೆ ಹೇಳಿದ, ಅವಳು ಮಾಡಿದ್ದನ್ನು ನಿನಗೇಕೆ ಮಾಡಲಾಗುವುದಿಲ್ಲ ಎಂದ. ತಂಗಿ ಬಿಸಿನೀರು ಕುಡಿದಳು, ಜೇನು ನೆಕ್ಕಿದಳು, ಮಾತಾಡುವುದನ್ನೇ ಕಡಿಮೆ ಮಾಡಿದಳು. ಕೊನೆಗೊಂದು ಸಂಜೆ ಎಲ್ಲರೂ ನೋಡುತ್ತಿರುವಂತೆಯೇ ಅವಳ ದನಿ ಮತ್ತೆ ಒಡೆದು, ಡ್ರಮ್ಮಿನವ ಕಿಸಕ್ಕನೆ ನಕ್ಕ. ಅಣ್ಣನಿಗೆ ಅವಮಾನವಾಯಿತು. ಅವಮಾನವಾದದ್ದು ಅವಳಿಗೆ ಎಂದು ಅವನಿಗೆ ಹೊಳೆಯಲಿಲ್ಲ.

"ನಿಂಗೆ ಶ್ರುತಿಯೇ ಇಲ್ಲ ಕಣೆ. ಹೋಗಿ ಕೂತ್ಕೋ," ಎಂದಿದ್ದ.

ಅವಳು ಹೋಗಿ ಟೈರುಗಳ ರಾಶಿಯ ಮೇಲೆ ಕೂತಳು. ಮಾರನೆಯ ದಿನ ತೆಳು ದನಿಯ ಒಬ್ಬ ಹುಡುಗನನ್ನು ಕರೆತಂದರು. ವಾರ್ಷಿಕೋತ್ಸವದಲ್ಲಿ ಚಪ್ಪಾಳೆಯೂ ಬಿತ್ತು. ತಂಗಿ ಸಭಿಕರ ನಡುವೆ ಕೂತು ಎಲ್ಲರಿಗಿಂತ ಹೆಚ್ಚು ಹೊತ್ತು ತಟ್ಟಿದಳು. ಅಂದಿನಿಂದ ಅವಳು ಹಾಡಲಿಲ್ಲ. ಯಾರ ಮೇಲೂ ಮುನಿಸಿಕೊಂಡಿರಲಿಲ್ಲ. ಶ್ರುತಿ ಇಲ್ಲವೆಂದು ತಿಳಿಯಿತು, ಬಿಟ್ಟಳು, ಅಷ್ಟೆ. ಹುಟ್ಟುಹಬ್ಬದಲ್ಲಿ ಎಲ್ಲರೂ ಸೇರಿ ಹಾಡುವಾಗ ಅವಳು ಚಪ್ಪಾಳೆ ಮಾತ್ರ ತಟ್ಟುತ್ತಿದ್ದಳು. ಅಣ್ಣ ಅದನ್ನು ನೋಡಿರಲಿಲ್ಲವೆಂದಲ್ಲ. ನೋಡಿ, ಪಾಪ, ಅವಳಿಗೆ ಬರುವುದಿಲ್ಲವಲ್ಲ ಎಂದು ಮರುಗಿದ್ದ. ಆ ಹಾಡನ್ನು ಯಾರಿಗೂ ಕಲಿಸದೆ ಬಿಟ್ಟದ್ದೂ ಈ ಮರುಕದಿಂದಲೇ.

ಇದೆಲ್ಲ ನೆನಪಾಗಿ ಅವನು ಎದ್ದು ಕಪಾಟಿನಲ್ಲಿ ಹುಡುಕಿ ಆ ಕ್ಯಾಸೆಟ್ಟು ತೆಗೆದ. ಹಳೆಯ ಪ್ಲೇಯರಿನಿಂದ ಹಾಡನ್ನು ಫೋನಿಗೆ ಹತ್ತಿಸಿಕೊಂಡ. ಕಷ್ಟದ ತುಣುಕುಗಳನ್ನು ಶಿಷ್ಯರಿಗೆ ನಿಧಾನವಾಗಿ ಕೇಳಿಸಲು ಒಂದು ಆ್ಯಪ್ ಇಟ್ಟುಕೊಂಡಿದ್ದ. ಅದರಲ್ಲಿ ವೇಗವನ್ನೂ ಶ್ರುತಿಯನ್ನೂ ಒಟ್ಟಿಗೇ ಒಂದೊಂದೇ ಮನೆ ಇಳಿಸುತ್ತ ಹೋದ. ಮೂರನೆಯ ಮನೆಗೆ ಬಂದಾಗ ಹಾಡು ನರ್ಸಮ್ಮನ ಫೋನಿನಲ್ಲಿದ್ದುದಕ್ಕೆ ಸರಿಯಾಗಿ ಹೊಂದಿತು. ಸರಿ, ಸೆಲ್ಲು ಮುಗಿಯುತ್ತ ಬಂದಿದ್ದರಿಂದ ಮುದ್ರಿಸುವಾಗ ಟೇಪು ನಿಧಾನವಾಗಿ ಸುತ್ತಿದೆ, ಆಮೇಲೆ ಪ್ಲಗ್ಗಿಗೆ ಹಾಕಿದಾಗ ನಾಗಾಲೋಟದಲ್ಲಿ ಓಡಿದೆ. ಇಷ್ಟು ಸರಳ. ಹಾಗೆಂದುಕೊಳ್ಳುತ್ತಿರುವಾಗಲೇ ಹಾಡಿನ ನಡುವೆ ಅಮ್ಮ ಕರೆದಳು.

ಕೀಚಲಾಗಿ ಅಲ್ಲ. ಅಮ್ಮನ ದನಿಯಲ್ಲೇ ಕರೆದಳು. ಅಮ್ಮ ಹೋಗಿ ಎಷ್ಟೋ ವರ್ಷಗಳಾಗಿದ್ದವು, ಅವಳ ದನಿ ಹೇಗಿತ್ತೆಂಬುದು ಅವನಿಗೆ ಮರೆತೇ ಹೋಗಿತ್ತು. ಕೂಗುವಾಗ ಕೊನೆಯಲ್ಲಿ ಸ್ವಲ್ಪ ಎಳೆಯುತ್ತಿದ್ದಳೆಂಬುದು ಈಗ ನೆನಪಾಯಿತು. ತಂಗಿಯ ದನಿಯೂ ಹೀಗೇ ಇತ್ತಲ್ಲ ಎಂದು ಹೊಳೆದು, ಪುರಾಣಪ್ಪ ಫೋನನ್ನು ಮೇಜಿನ ಮೇಲಿಟ್ಟು ಗಿಟಾರಿನ ಮೇಲೆ ತಲೆಯಿಟ್ಟುಕೊಂಡು ಅತ್ತ. ಬ್ಯಾಂಡಿನವರು ತಮ್ಮ ಹಾಡುಗಾರ್ತಿಗಾಗಿ ತಂತಿ ಸಡಿಲಿಸಿದ್ದರು. ಅವನು ಮಾತ್ರ ಬಿಗಿದ ತಂತಿಯನ್ನು ಬಿಡದೆ ತಂಗಿಯನ್ನು ಬಿಟ್ಟಿದ್ದ.

ಅತ್ತು ಮುಗಿದ ಮೇಲೆ ಅವನಿಗೆ ಒಂದು ಉತ್ಸಾಹ ಹತ್ತಿತು. ಇದು ಅವನ ಸ್ವಭಾವ, ಏನು ಮಾಡುವುದು. ಇಂಥ ಕತೆ ಯಾವ ಹಾಡಿನ ಹಿಂದೆಯೂ ಇರಲಿಲ್ಲ. ಹೋಗಿ ತಂಗಿಗೆ ಹೇಳಬೇಕು, ತಂತಿ ಇಳಿಸಿ ನುಡಿಸಬೇಕು, ಅವಳು ಒಮ್ಮೆ ಆ ಮೂರನೆಯ ಸಾಲನ್ನು ಹಾಡಬೇಕು. ಹಾಡಿದಳೆಂದರೆ ಎಲ್ಲ ಸರಿಹೋಗುತ್ತದೆ. ಹಾಗೆಂದು ಅವನು ಗಟ್ಟಿಯಾಗಿ ನಂಬಿದ. ಮರುದಿನ ಮಧ್ಯಾಹ್ನ ಅಂಗಡಿಗೆ ಬೀಗ ಹಾಕಿ ಗಿಟಾರು ಹೆಗಲಿಗೇರಿಸಿ ಹೊರಟ.

ತಂಗಿಗೆ ಪರದೆ ಹೊಲಿದು ಕೊಡುವ ಅಂಗಡಿಯಿತ್ತು. ಮುಂದೆ ಬಟ್ಟೆಯ ಸುರುಳಿಗಳು, ಹಿಂದೆ ಉದ್ದನೆಯ ಕತ್ತರಿಸುವ ಮೇಜು, ಅದರಾಚೆ ಹೊಲಿಗೆ ಯಂತ್ರ. ಕಿಟಕಿಗಳ ಅಳತೆ ತೆಗೆಯಲು ಅವಳೇ ಮನೆಮನೆಗೆ ಹೋಗುತ್ತಿದ್ದಳು. ಅಣ್ಣ ಬಂದಾಗ ಯಾವುದೋ ಹೋಟೆಲಿನ ಸಭಾಂಗಣಕ್ಕೆ ಹೋಗಬೇಕಾದ ದಪ್ಪ ಪರದೆಯ ಅಂಚು ಮಡಚಿ ಗುಂಡುಸೂಜಿ ಚುಚ್ಚುತ್ತಿದ್ದಳು. ಮೂಲೆಯಲ್ಲಿ ಬಟ್ಟೆಯ ಮೂಟೆಗಳ ನಡುವೆ ಅವಳ ಮೊಮ್ಮಗು ಮಲಗಿತ್ತು. ಮಗಳು ಕೆಲಸಕ್ಕೆ ಹೋಗುವಾಗ ಮಗುವನ್ನು ಇಲ್ಲಿ ಬಿಟ್ಟು, ಸಂಜೆಗೆ ಬಂದು ಕರೆದೊಯ್ಯುತ್ತಿದ್ದಳು. ಅಣ್ಣನ ಹೆಗಲ ಮೇಲೆ ಗಿಟಾರು ಕಂಡು ತಂಗಿ ನಕ್ಕು, ಪುರಾಣ ನನಗೂ ಉಂಟೇನು ಎಂದು ರೇಗಿಸಿದಳು.

ಅವನು ಪುರಾಣವನ್ನೇ ಹೇಳಿದ. ಹಾಡುಗಾರ್ತಿಯ ಗಂಟಲು ಬಾತದ್ದರಿಂದ ಶುರುಮಾಡಿ, ಪ್ಲಗ್ಗು, ಸೆಲ್ಲು, ಸುತ್ತುವ ಟೇಪು ಎಲ್ಲ ಹೇಳಿದ. ತಂಗಿ ಗುಂಡುಸೂಜಿ ಚುಚ್ಚುತ್ತಲೇ ಕೇಳುತ್ತಿದ್ದಳು. ಅವನು ಫೋನು ಒತ್ತಿದಾಗ, ಹಾಡಿನ ನಡುವಿನಿಂದ ಅಮ್ಮ ಕರೆದಾಗ ಅವಳ ಕೈ ನಿಂತಿತು.

"ಇನ್ನೊಂದ್ಸಲ ಹಾಕು," ಎಂದಳು.

ಅವನು ಹಾಕಿದ. ಮತ್ತೆ ಹಾಕೆಂದಳು. ಅವನು ಹಾಡಿನ ಶ್ರುತಿಯ ವಿಷಯಕ್ಕೆ ಬರಲು ಹೋದರೆ ಅವಳು ಕೈಯೆತ್ತಿ ತಡೆದು ಅಮ್ಮನ ದನಿಯನ್ನು ಇನ್ನೊಮ್ಮೆ ಕೇಳಿದಳು. ಆಮೇಲೆ ಕಣ್ಣೊರೆಸಿಕೊಂಡು, ಸೆಲ್ ಹೋಗಿದೆಯೆಂದು ನಾನು ಅಂದೇ ಹೇಳಿದ್ದೆ ಎಂದಳು. ಹೌದು, ನೀನು ಹೇಳಿದ್ದೆ ಎಂದು ಅವನು ಒಪ್ಪಿಕೊಂಡ. ರೇಡಿಯೊದಲ್ಲಿ ಇಷ್ಟು ಮೇಲಿರಲಿಲ್ಲವೆಂದೂ ಹೇಳಿದ್ದೆ ಎಂದಳು. ಅದನ್ನೂ ಒಪ್ಪಿಕೊಂಡ.

"ತಪ್ಪು ನಿಂದಲ್ಲ ಪುಟ್ಟಿ, ನಂದು," ಎಂದ. "ನಿಂಗೆ ಶ್ರುತಿ ಇತ್ತು. ನಮ್ಮೆಲ್ಲರಿಗಿಂತ ಚೆನ್ನಾಗಿತ್ತು."

ಅವನು ಗಿಟಾರು ತೆಗೆದು ತಂತಿಗಳನ್ನು ಒಂದು ಮನೆ ಇಳಿಸಿ, ಹಾಡಿನ ಮೊದಲಿನ ಭಾಗ ನುಡಿಸಿ, ಮೂರನೆಯ ಸಾಲಿಗೆ ಬಂದು ಅವಳ ಮುಖ ನೋಡಿದ. ಅವಳ ತುಟಿ ಅಲುಗಿತು. ದನಿ ಬರಲಿಲ್ಲ. ಅವನು ಮತ್ತೆ ಮೊದಲಿಂದ ಶುರುಮಾಡಿದ. ಅವಳು ಮುಂದೆ ಬಾಗಿ ತಂತಿಗಳ ಮೇಲೆ ಅಂಗೈಯಿಟ್ಟಳು.

"ಬೇಡ ಅಣ್ಣ. ಪೆಟ್ಟಿಗೇಲಿಟ್ಟ ಬಟ್ಟೇನಾ ಅದು, ತೆಗೆದು ಕೊಡವಿ ಹಾಕ್ಕೊಳ್ಳೋಕೆ?"

ಆಮೇಲೆ ಮೆಲ್ಲಗೆ ಇನ್ನೊಂದು ವಿಷಯ ಹೇಳಿದಳು. ತನ್ನದೇನೂ ದೊಡ್ಡದಲ್ಲ, ಹಾಡದಿದ್ದರೆ ಬದುಕಿಗೇನೂ ಕೊರತೆಯಾಗಲಿಲ್ಲ, ಪರದೆ ಹೊಲಿದು ಮನೆ ಕಟ್ಟಿಸಿದ್ದಾಯಿತು. ಆದರೆ ಮಗಳು ಚಿಕ್ಕವಳಿದ್ದಾಗ ಹಾಡುತ್ತಿದ್ದಳು. ನಿಂತರೂ ಕೂತರೂ ಹಾಡುತ್ತಿದ್ದಳು. ಸ್ಕೂಲಿನಲ್ಲಿ ಸಂಗೀತದ ಮಿಸ್ ಅವಳನ್ನು ಗುಂಪಿನ ಮುಂದೆ ನಿಂತು ಹಾಡಲು ಆರಿಸಿದ್ದರು. ಕುಣಿಯುತ್ತ ಮನೆಗೆ ಬಂದಿದ್ದಳು. ತಾನು ಬೇಡವೆಂದೆ. ಮುಂದೆ ನಿಂತು ದನಿ ಒಡೆದರೆ ಹೇಗಿರುತ್ತದೆಂದು ತನಗೆ ಗೊತ್ತಿತ್ತಲ್ಲ, ಮಗಳಿಗೆ ಅದು ಆಗಬಾರದೆಂದು ಬೇಡವೆಂದೆ. ನಮ್ಮ ಮನೆಯಲ್ಲಿ ಯಾರಿಗೂ ಶ್ರುತಿ ಇಲ್ಲವೆಂದು ಹೇಳಿದೆ. ಮಗಳು ಹಾಡುವುದನ್ನು ಬಿಟ್ಟಳು ಎಂದಳು.

ಪುರಾಣಪ್ಪನಿಗೆ ಇದು ಗೊತ್ತಿರಲಿಲ್ಲ. ಅವನು ಕೂತಲ್ಲೇ ಕುಗ್ಗಿಹೋದ. ಗೋದಾಮಿನಲ್ಲಿ ಆಡಿದ ಒಂದು ಮಾತು ಮದುವೆ ದಾಟಿ, ಹೆರಿಗೆ ದಾಟಿ, ಇನ್ನೊಂದು ಮನೆಯ ಪುಟ್ಟ ಹುಡುಗಿಯ ಬಾಯಿ ಮುಚ್ಚಿಸಿತ್ತು. ಅವನಿಗೆ ತನ್ನ ಮೇಲೆ ಅಸಹ್ಯವಾಯಿತು.

"ಇದನ್ನ ಅವಳ ಹತ್ರ ಮಾತ್ರ ಹೇಳ್ಬೇಡ," ಎಂದಳು ತಂಗಿ. "ನನ್ನ ಹತ್ರಾನೇ ಇರ್ಲಿ."

ಅವನು ಆಗಲಿ ಎಂದು ತಲೆಯಾಡಿಸಿದ.

ಸಂಜೆಯಾಗುತ್ತ ಬಂದಿತ್ತು. ತಂಗಿಯ ಮಗಳು ಕೆಲಸದಿಂದ ನೇರವಾಗಿ ಬಂದಳು. ಮಾವನನ್ನು ಕಂಡು ಖುಷಿಯಾಗಿ, ಏನು ಅಪರೂಪಕ್ಕೆ ಎಂದು ಕೇಳಿ, ಗಿಟಾರನ್ನು ಮುಟ್ಟಿ ನೋಡಿದಳು. ಅವಳ ದನಿಯಲ್ಲಿ ಅವನ ಅಮ್ಮನ ದನಿಯ ಎಳೆತವಿತ್ತು. ಇಷ್ಟು ವರ್ಷ ಅದನ್ನು ಕೇಳಿಸಿಕೊಳ್ಳದ ಮಹಾ ಕಿವಿ ಈಗ ಕೇಳಿಸಿಕೊಂಡಿತು. ಮಾತಿನ ಸದ್ದಿಗೆ ಮಗು ಎದ್ದು ರಾಗ ತೆಗೆಯಿತು. ತಾಯಿ ಅದನ್ನು ಎತ್ತಿಕೊಂಡು ಬೆನ್ನು ತಟ್ಟುತ್ತ, ಇನ್ನೊಂದು ಕೈಯಲ್ಲಿ ಫೋನು ತೆಗೆದು ಯಾರೋ ಹಾಡಿದ ಜೋಗುಳ ಹಾಕಿ ಮಗುವಿನ ಕಿವಿಯ ಬಳಿ ಹಿಡಿದಳು. ಮಗು ಸುಮ್ಮನಾಯಿತು.

ಅವನಿಗೆ ತಡೆಯಲಾಗಲಿಲ್ಲ. ನೀನೇ ಹಾಡಬಾರದೇನಮ್ಮ ಎಂದು ಕೇಳಿದ.

"ನಮ್ಮನೇಲಿ ಯಾರಿಗೂ ಶ್ರುತಿ ಇಲ್ವಲ್ಲ ಮಾವ," ಎಂದು ಅವಳು ನಕ್ಕಳು. "ನಿಮ್ಮನ್ನ ಬಿಟ್ಟು."

ತಂಗಿ ಮೇಜಿನಾಚೆಯಿಂದ ಅವನನ್ನೇ ನೋಡುತ್ತಿದ್ದಳು. ಬೇಡವೆಂದು ಕಣ್ಣಲ್ಲೇ ಹೇಳಿದಳು, ತಲೆಯನ್ನೂ ಅಲ್ಲಾಡಿಸಿದಳು. ಅವನು ನೋಡಿದ. ನೋಡಿಯೂ ಹೇಳಿದ. ಸುಮ್ಮನಿದ್ದರೆ ಈ ಹುಡುಗಿಗೆ ಇನ್ನೊಮ್ಮೆ ಮೋಸ ಮಾಡಿದಂತೆ ಎಂದು ಆ ಕ್ಷಣ ಅವನಿಗೆ ಅನ್ನಿಸಿತು. ನಿಜ ಹೇಳಬೇಕೆಂದರೆ, ಎದೆಯ ಭಾರ ಇಳಿಸಿಕೊಳ್ಳುವ ಅವಸರವೂ ಅದರಲ್ಲಿತ್ತು. ಅವನು ಎಲ್ಲವನ್ನೂ ಹೇಳಿದ. ಅಷ್ಟು ಚೆನ್ನಾಗಿ ಅವನು ಯಾವ ಕತೆಯನ್ನೂ ಹೇಳಿರಲಿಲ್ಲ. ಒಂದೇ ಪ್ಲಗ್ಗಿದ್ದ ಕೋಣೆಗೆ, ಕೀಚಲು ದನಿಯ ಅಜ್ಜಿಗೆ ಅವಳು ನಕ್ಕಳು. ಗೋದಾಮು ಬಂದಾಗ ನಗು ನಿಂತಿತು. ಕೊನೆಯಲ್ಲಿ ಅವನು, ನಿನ್ನ ಅಮ್ಮನಿಗೆ ಶ್ರುತಿ ಇತ್ತು, ನಿನಗೂ ಇತ್ತು, ಹಾಳು ಮಾಡಿದವನು ನಾನು, ನಿನ್ನ ಅಮ್ಮನದೇನೂ ತಪ್ಪಿಲ್ಲ ಎಂದ.

ಅವಳು ಜೋಗುಳವನ್ನು ನಿಲ್ಲಿಸಿದಳು. ಮಾವನ ಕಡೆ ನೋಡಲೇ ಇಲ್ಲ. ತಾಯಿಯ ಕಡೆ ತಿರುಗಿ ಕೇಳಿದಳು.

"ಹಾಗಾದ್ರೆ ಅಮ್ಮ, ಆ ಮಿಸ್ ನನ್ನನ್ನ ಆರಿಸಿದ್ದು ಪಾಪ ಅಂತ ಅಲ್ವಾ?"

ತಂಗಿ ಕೈಯಲ್ಲಿದ್ದ ಗುಂಡುಸೂಜಿಯನ್ನು ಮೇಜಿನ ಮೇಲಿಟ್ಟಳು. ಮಗಳು ಬಿಡಲಿಲ್ಲ. ಜಗಳದ ದನಿಯಲ್ಲಿ ಅಲ್ಲ, ಮೊದಲಿನಿಂದ ಲೆಕ್ಕ ಸರಿಮಾಡಿಕೊಳ್ಳುವವಳಂತೆ ಮಾತಾಡಿದಳು. ಮಿಸ್‌ಗೆ ನಿನ್ನನ್ನು ಕಂಡು ಪಾಪ ಅನ್ನಿಸಿದೆ, ಅದಕ್ಕೇ ಆರಿಸಿದ್ದಾರೆ, ಎದುರಿಗೆ ಚೆನ್ನಾಗಿದೆ ಅಂತಾರೆ, ಹಿಂದಿನಿಂದ ನಗುತ್ತಾರೆ ಎಂದು ಅಂದು ನೀನು ನನಗೆ ಹೇಳಿದ್ದೆ ಎಂದಳು. ಅದರಿಂದ ತನಗೆ ಹಾಡು ಹೋದದ್ದು ದೊಡ್ಡದಲ್ಲ. ಆಮೇಲೆ ಯಾರು ಚೆನ್ನಾಗಿದೆ ಎಂದರೂ, ಆಫೀಸಿನಲ್ಲಿ ಎಂದರೂ, ಗಂಡ ಎಂದರೂ, ಪಾಪ ಅಂತ ಹೇಳುತ್ತಿದ್ದಾರೆ ಎಂದೇ ತನಗೆ ಅನ್ನಿಸುತ್ತದೆ. ಇವತ್ತಿಗೂ ಅನ್ನಿಸುತ್ತದೆ.

"ಅಲ್ಲ ಕಣೇ," ಎಂದಳು ತಂಗಿ. ಅವಳ ದನಿ ಒಡೆಯಿತು. "ನೀನು ಚೆನ್ನಾಗಿ ಹಾಡ್ತಿದ್ದೆ. ನಂಗೆ ಕೇಳಿಸ್ತಿತ್ತು."

ಮಗಳು ಹೂಂ ಎಂದಳು. ಮಗುವಿನ ಬಾಟಲಿ, ಬಟ್ಟೆಗಳನ್ನು ಚೀಲಕ್ಕೆ ತುಂಬಿಕೊಂಡಳು. ಹೋಗಿಬರುತ್ತೇನೆ ಎಂದು ಮಾವನಿಗೆ ಹೇಳಿದಳು, ತಾಯಿಗೆ ಹೇಳುವುದನ್ನು ಮರೆತಳೋ ಏನೋ, ಹಾಗೆಯೇ ಮೆಟ್ಟಿಲಿಳಿದು ಹೋದಳು. ತಂಗಿ ಬಾಗಿಲ ತನಕ ಹೋಗಿ, ಅವಳು ತಿರುವು ದಾಟುವವರೆಗೂ ನಿಂತಿದ್ದು ವಾಪಸು ಬಂದಳು.

ಪುರಾಣಪ್ಪ ಎದ್ದು ನಿಂತಿದ್ದ. ತಾನು ಹೊತ್ತು ತಂದದ್ದನ್ನು ತಂಗಿಯ ತಲೆಯ ಮೇಲಿಟ್ಟು ತಾನು ಕೈಕೊಡವಿಕೊಂಡೆ ಎಂಬುದು ಅವನಿಗೆ ಆಗಲೇ ತಿಳಿದಿತ್ತು. ಎರಡು ಸಲ ಅವಳು ಬೇಡವೆಂದಿದ್ದಳು. ಅಂದು ಸೆಲ್ಲಿನ ವಿಷಯದಲ್ಲಿ ಕೇಳಿಸಿಕೊಳ್ಳಲಿಲ್ಲ, ಇಂದೂ ಕೇಳಿಸಿಕೊಳ್ಳಲಿಲ್ಲ. ಕ್ಷಮಿಸು ಎನ್ನಲು ಬಾಯಿ ಬರಲಿಲ್ಲ, ಹಾಗೆ ಕೇಳಿದರೆ ಅವಳು ಕ್ಷಮಿಸಿಯೇ ಬಿಡುತ್ತಾಳೆಂದು ಅವನಿಗೆ ಗೊತ್ತಿತ್ತು.

"ನಿಂಗೆ ಹಗುರ ಆಯ್ತಾ ಅಣ್ಣ?" ಎಂದು ತಂಗಿ ಕೇಳಿದಳು.

ಕೊಂಕು ಮಾತಾಗಿರಲಿಲ್ಲ. ಒಬ್ಬರಿಗಾದರೂ ಆಗಿರಲಿ ಎಂಬಂತೆ, ನಿಜವಾಗಿ ತಿಳಿದುಕೊಳ್ಳಲೆಂದೇ ಕೇಳಿದ್ದಳು. ಹಗುರವಾಗಿರಲಿಲ್ಲ. ಆದರೆ ಇಲ್ಲವೆಂದರೆ ಅದನ್ನೂ ಅವಳೇ ಹೊರಬೇಕಾಗುತ್ತದೆಂದು ಅವನಿಗೆ ಹೊಳೆಯಿತು.

"ಹೂಂ," ಎಂದ.

"ಹಾಗಾದ್ರೆ ಸರಿ," ಎಂದು ತಂಗಿ ಪರದೆಯ ಆಚೆ ತುದಿಯನ್ನು ಅವನ ಕೈಗೆ ಕೊಟ್ಟು, ಬಿಗಿಯಾಗಿ ಹಿಡಿದುಕೋ, ಎಳೆಯಬೇಡ ಎಂದಳು. ಅವಳು ಅಂಚು ಮುಗಿಸುವ ತನಕ ಅವನು ಹಿಡಿದುಕೊಂಡು ನಿಂತಿದ್ದ.